ಅಪ್ಪ ಆಸ್ಪತ್ರೇಲಿದ್ದಾಗ ವಾಯಿದೆ ತಪ್ಪಿ ಕೇಸ್ ವಜಾ ಆಗಿದೆ, 50 ದಿನ ಆಯ್ತು, ವಾಪಸ್ ತರಬಹುದಾ?

ತೋಟದಮನೆ

ನಮಸ್ಕಾರ ಎಲ್ರಿಗೂ. ನಮ್ಮೂರು ಹಾಸನ ಜಿಲ್ಲೆ, ಸಕಲೇಶಪುರದ ಕಡೆ. ನಾನು ಕೆಲಸದ ಮೇಲೆ ಬೆಂಗಳೂರಲ್ಲಿದ್ದೀನಿ, ಊರಲ್ಲಿ ಅಪ್ಪ ಅಮ್ಮ ಇಬ್ರೇ. ತೋಟದ ಒಂದು ಮೂಲೇಲಿ 1 ಎಕರೆ 12 ಗುಂಟೆ ಜಾಗದ ವಿಚಾರಕ್ಕೆ ಅಪ್ಪ 2019ರಲ್ಲಿ ಪಕ್ಕದ ತೋಟದವರ ಮೇಲೆ ಸಿವಿಲ್ ದಾವೆ ಹಾಕಿದ್ರು, ಜಾಗ ನಮ್ದು ಅಂತ ಡಿಕ್ಲರೇಷನ್ ಕೊಡಿ, ಅವರು ಒಳಗೆ ಬರದ ಹಾಗೆ ಇಂಜಂಕ್ಷನ್ ಕೊಡಿ ಅಂತ. ಸ್ಟೇನೂ ಸಿಕ್ಕಿತ್ತು. ಇಷ್ಟು ವರ್ಷದಲ್ಲಿ ಅಪ್ಪ ಒಂದೇ ಒಂದು ವಾಯಿದೆ ತಪ್ಪಿಸಿದವರಲ್ಲ, ಏಳು ಗಂಟೆ ಬಸ್ಸಿಗೆ ಹೋಗಿ ಕೂತ್ಕೊಂಡು, ಕೇಸ್ ಕೂಗಿದ ತಕ್ಷಣ ಎದ್ದು ಕೈ ಮುಗಿದು, ಮುಂದಿನ ಡೇಟ್ ಬೀಡಿ ಕಟ್ಟಿನ ಹಿಂದೆ ಬರ್ಕೊಂಡು ಬರೋರು.

ಈ ಸಲ ಫೆಬ್ರವರಿ 24ಕ್ಕೆ ಮೆಣಸು ಕುಯ್ಯುವಾಗ ಸಿಲ್ವರ್ ಮರಕ್ಕೆ ಒರಗಿಸಿದ್ದ ಏಣಿ ಜಾರಿ ಬಿದ್ದುಬಿಟ್ರು. ಬಲಗೈ ಮುರೀತು, ಸೊಂಟಕ್ಕೂ ಏಟು, ಹಾಸನದ ಆಸ್ಪತ್ರೇಲಿ 11 ದಿನ ಇದ್ರು. ಅಪ್ಪನ ಪಾಟಿ ಸವಾಲಿಗೆ ಇಟ್ಟಿದ್ದ ವಾಯಿದೆ ಮಾರ್ಚ್ 3. ನಾನು ಅದರ ಹಿಂದಿನ ದಿನಾನೇ ವಕೀಲರಿಗೆ ಫೋನ್ ಮಾಡಿ ಹೇಳಿದ್ದೆ, ಆಯ್ತು ಬಿಡಿ ಟೈಮ್ ತಗೋತೀನಿ ಅಂದಿದ್ರು. ಆಮೇಲೆ ನಾವು ಆಸ್ಪತ್ರೆ, ಡ್ರೆಸ್ಸಿಂಗ್, ಫಿಸಿಯೋ ಅಂತ ಓಡಾಡ್ಕೊಂಡು ಕೇಸ್ ಕಡೆ ತಲೆನೇ ಹಾಕಿಲ್ಲ. ಏಪ್ರಿಲ್ 22ಕ್ಕೆ ಅಮ್ಮ ಫೋನ್ ಮಾಡಿ ಅವರು ಕಲ್ಲುಕಂಬ ತಂದು ಇಳಿಸ್ತಾ ಇದ್ದಾರೆ ಕಣೋ ಅಂದ್ರು, ಸ್ಟೇ ಇದೆಯಲ್ಲ ಅಂತ ಅಮ್ಮ ಕೇಳಿದ್ದಕ್ಕೆ, ನಿಮ್ಮ ಕೇಸೇ ಬಿದ್ದೋಗಿದೆ ಹೋಗಿ ನೋಡ್ಕೊಳಿ ಅಂದ್ರಂತೆ. ಮಾರನೇ ದಿನ ಹೋಗಿ ನೋಡಿದ್ರೆ ನಿಜ, ಮಾರ್ಚ್ 3ಕ್ಕೇ ವಜಾ ಆಗಿದೆ. ವಕೀಲರು ಅವತ್ತು ಬೇರೆ ಊರಿನ ಕೋರ್ಟಲ್ಲಿದ್ರಂತೆ. ಜೂನಿಯರ್‌ಗೆ ಹೇಳಿದ್ದೆ ಅಂತಾರೆ.

ಅಪ್ಪನಿಗೆ ಇನ್ನೂ ಹೇಳಿಲ್ಲ, ಹೇಳೋಕೆ ಬಾಯೇ ಬರ್ತಿಲ್ಲ. ಒಬ್ಬರು ಹಾಸನಕ್ಕೆ ಅಪೀಲ್ ಹೋಗಿ ಅಂತಾರೆ, ಇನ್ನೊಬ್ಬರು ಹೊಸ ಕೇಸ್ ಹಾಕಿ ಅಂತಾರೆ, ಮತ್ತೊಬ್ಬರು ತಿಂಗಳು ದಾಟಿದ ಮೇಲೆ ಏನೂ ಆಗಲ್ಲ ಅಂತಾರೆ. ಗೊತ್ತಿರೋರು ದಯವಿಟ್ಟು ಹೇಳಿ.

ಕರಿಕೋಟು_ಹಾಸನ

ಮೊದಲು ಗಾಬರಿ ಬಿಡಿ, ಇದು ವಾಪಸ್ ಬರೋ ಕೇಸೇ. ಆದ್ರೆ ಇವತ್ತಿಂದ ಒಂದೊಂದು ದಿನಾನೂ ಲೆಕ್ಕ, ಅದು ತಲೇಲಿರಲಿ.

ಆರ್ಡರ್ ಶೀಟಿಂದ ಶುರು ಮಾಡೋಣ. ಮಾರ್ಚ್ 3ರ ಆರ್ಡರ್ ಶೀಟಿಗೆ ನಕಲು ಅರ್ಜಿ ಹಾಕಿ ಸರ್ಟಿಫೈಡ್ ಕಾಪಿ ತಗೊಳಿ, ಅದರಲ್ಲಿ ಅವತ್ತು ಎದುರು ಪಾರ್ಟಿ ಅಥವಾ ಅವರ ವಕೀಲರು ಹಾಜರಿದ್ರಾ ಅಂತ ಏನು ಬರ್ದಿದ್ದಾರೆ ನೋಡಿ. ಯಾಕಂದ್ರೆ ಇಬ್ರೂ ಇಲ್ದೆ ವಜಾ ಆಗಿದ್ರೆ ಅದು ಸಿವಿಲ್ ಪ್ರೊಸೀಜರ್ ಕೋಡ್ ಆರ್ಡರ್ 9 ರೂಲ್ 3, ಆಗ ರೂಲ್ 4ರಲ್ಲಿ ಹಳೇದನ್ನೇ ವಾಪಸ್ ತರೋಕೆ ಅರ್ಜಿ ಹಾಕಬಹುದು, ಇಲ್ಲ ಲಿಮಿಟೇಷನ್ (ದಾವೆ ಹಾಕೋಕೆ ಕಾನೂನಲ್ಲಿರೋ ಕಾಲಮಿತಿ) ಒಳಗಿದ್ರೆ ಹೊಸ ದಾವೆನೂ ಹಾಕಬಹುದು. ಆದ್ರೆ ಅವರು ಹಾಜರಿದ್ದು ನೀವು ಮಾತ್ರ ಇಲ್ದೆ ವಜಾ ಆಗಿದ್ರೆ ಅದು ರೂಲ್ 8. ಆಗ ಅದೇ ಕಾರಣಕ್ಕೆ ಹೊಸ ದಾವೆ ಹಾಕೋ ಹಾಗೇ ಇಲ್ಲ, ರೂಲ್ 9 ಬಾಗಿಲು ಹಾಕಿಬಿಡುತ್ತೆ, ಅದೇ ರೂಲ್ 9ರಲ್ಲಿ ವಜಾ ರದ್ದು ಮಾಡಿ ಅಂತ ಕೇಳೋದೊಂದೇ ದಾರಿ. ಆದ್ದರಿಂದ ಹೊಸ ಕೇಸ್ ಹಾಕಿ ಅಂದವರ ಮಾತು ಸದ್ಯಕ್ಕೆ ಪಕ್ಕಕ್ಕಿಡಿ.

ಅಪೀಲೂ ಬರಲ್ಲ. ಗೈರುಹಾಜರಿಗೆ ವಜಾ ಆಗಿದ್ದು ಕಾನೂನಿನ ಲೆಕ್ಕದಲ್ಲಿ ಡಿಕ್ರಿನೇ ಅಲ್ಲ, ಅಂದ್ರೆ ಹಕ್ಕು ಯಾರದ್ದು ಅಂತ ತೀರ್ಮಾನ ಮಾಡಿದ ಆದೇಶ ಅಲ್ಲ. ಅರ್ಜಿ ಹೋಗಬೇಕಾದ್ದು ವಜಾ ಮಾಡಿದ ಅದೇ ಕೋರ್ಟಿಗೆ, ನಮ್ಮಲ್ಲಿ ಅದಕ್ಕೆ ಮಿಸ್ಲೇನಿಯಸ್ ನಂಬರ್ ಬೀಳುತ್ತೆ, ಎಲ್ರೂ ಮಿಸ್ ಕೇಸ್ ಅಂತೀವಿ. ದಾವೆಗೆ ಕಟ್ಟಿದ ಕೋರ್ಟ್ ಫೀ ಮತ್ತೆ ಕಟ್ಟಬೇಕಾಗಿಲ್ಲ. ಅಲ್ಲೂ ಆಗಲ್ಲ ಅಂದ್ರೆ ಆವಾಗ ಆರ್ಡರ್ 43ರಲ್ಲಿ ಮೇಲಿನ ಕೋರ್ಟಿಗೆ ಹೋಗೋದು.

ಟೈಮ್ ವಿಚಾರ. 1963ರ ಲಿಮಿಟೇಷನ್ ಆಕ್ಟ್ ಆರ್ಟಿಕಲ್ 122 ಪ್ರಕಾರ ವಜಾ ಆದ ದಿನದಿಂದ 30 ದಿನ, ನಿಮಗೆ ಗೊತ್ತಾದ ದಿನದಿಂದ ಅಲ್ಲ, ಇಲ್ಲೇ ತುಂಬಾ ಜನ ಎಡವೋದು. ಅಂದ್ರೆ ನಿಮ್ಮದು ಏಪ್ರಿಲ್ 2ಕ್ಕೆ ಮುಗೀತು. ಹಾಗಂತ ಕಥೆ ಮುಗೀಲಿಲ್ಲ, ಜೊತೇಲೇ ಸೆಕ್ಷನ್ 5ರಲ್ಲಿ ವಿಳಂಬ ಮನ್ನಿಸಿ ಅಂತ ಒಂದು ಐಎ (ಮಧ್ಯಂತರ ಅರ್ಜಿ) ಹಾಕಬೇಕು, ಅದಕ್ಕೆ ಬೇರೆ ಅಫಿಡವಿಟ್. ವಿಳಂಬವನ್ನ ಕೂದಲು ಸೀಳಿ ನೋಡಬಾರದು ಅಂತ ಸುಪ್ರೀಂ ಕೋರ್ಟ್ 1987ರಲ್ಲೇ ಅನಂತನಾಗ್ ಭೂಸ್ವಾಧೀನದ ಕಾತಿಜಿ ಕೇಸಲ್ಲಿ ಹೇಳಿದೆ, ದಿನದ ಲೆಕ್ಕ ಕೇಳೋದಾದ್ರೆ ಗಂಟೆ ಲೆಕ್ಕ ಸೆಕೆಂಡ್ ಲೆಕ್ಕ ಯಾಕೆ ಕೇಳಬಾರದು ಅನ್ನೋ ಅರ್ಥದಲ್ಲಿ. ವಕೀಲನ ತಪ್ಪಿಗೆ ಅಮಾಯಕ ಕಕ್ಷಿದಾರ ಯಾಕೆ ಅನುಭವಿಸಬೇಕು ಅಂತ 1981ರ ರಫೀಕ್ ವರ್ಸಸ್ ಮುನ್ಷಿಲಾಲ್ ತೀರ್ಪು ಇದೆ, ನಿಮ್ಮ ಹೊಸ ವಕೀಲರಿಗೆ ಎರಡನ್ನೂ ನೆನಪಿಸಿ. ಆದ್ರೆ ತೀರ್ಪಿದೆ ಅಂತ ಸುಮ್ನೆ ಕೂರೋ ಹಾಗಿಲ್ಲ. ಗೊತ್ತಾದ ಮೇಲೂ ತಡ ಮಾಡಿದ್ರೆ ನಿಮ್ಮನ್ನ ಯಾವ ತೀರ್ಪೂ ಕಾಪಾಡಲ್ಲ. ಬೇಸಿಗೆ ರಜೆ ಬೇರೆ ಹತ್ರ ಬಂತು, ಅದಕ್ಕಿಂತ ಮುಂಚೆ ಅರ್ಜಿ ಒಳಗೆ ಹೋಗಿರಬೇಕು.

ಒಂದು ಪ್ರಶ್ನೆ, ಎದುರು ಪಾರ್ಟಿ ನಿಮಗೆ ಸಂಬಂಧಿಕರಾ? ಇದು ಪಾಲಿನ ದಾವೆ ಆಗಿದ್ರೆ ಲೆಕ್ಕ ಬೇರೆ, ಕುಟುಂಬ ಒಟ್ಟಾಗಿರೋವರೆಗೂ ಪಾಲು ಕೇಳೋ ಹಕ್ಕು ಜೀವಂತ ಇರುತ್ತೆ, ಒಂದು ಸಲ ಗೈರಿಗೆ ವಜಾ ಆದ್ರೂ ಇನ್ನೊಂದು ದಾವೆ ಹಾಕಬಹುದು.

ತೋಟದಮನೆ

ಸರ್ ತುಂಬಾ ಥ್ಯಾಂಕ್ಸ್, ನಿನ್ನೆಯಿಂದ ಇವತ್ತೇ ಮೊದಲನೇ ಸಲ ಊಟ ಸೇರಿದ್ದು. ಎದುರು ಪಾರ್ಟಿ ನಮ್ಮ ಚಿಕ್ಕಜ್ಜನ ಮಗ, ಆದ್ರೆ ಪಾಲು ಅಜ್ಜನ ಕಾಲದಲ್ಲೇ ರಿಜಿಸ್ಟರ್ ಆಗಿ ಮುಗಿದಿದೆ, ಪಹಣಿನೂ ಬೇರೆ ಬೇರೆ. ಜಗಳ ಇರೋದು ಚಕ್ಕುಬಂದಿ ವಿಚಾರಕ್ಕೆ. ಆರ್ಡರ್ ಶೀಟಲ್ಲಿ ಏನಿದೆ ಅಂದ್ರೆ, ಕಾಪಿ ಇನ್ನೂ ಸಿಕ್ಕಿಲ್ಲ, ಕೋರ್ಟ್ ಆಫೀಸಲ್ಲಿ ಒಬ್ಬರು ಫೈಲ್ ತೆಗೆದು ತೋರಿಸಿದ್ರು, ಮೂರೇ ಸಾಲು. ವಾದಿ ಕರೆಯಲಾಗಿ ಗೈರು, ವಾದಿ ಪರ ವಕೀಲರೂ ಗೈರು, ಪ್ರತಿವಾದಿ ಪರ ವಕೀಲರು ಹಾಜರು, ಮಧ್ಯಾಹ್ನ 3:40ಕ್ಕೆ ಮತ್ತೆ ಕರೆದರೂ ಗೈರು, ಆದ್ದರಿಂದ ವಜಾ. ಆ 3:40 ಅಂತ ಬರ್ದಿದ್ದು ನೋಡಿದಾಗ ಹೊಟ್ಟೆ ಉರೀತು ಸರ್, ಅದೇ ಹೊತ್ತಿಗೆ ಅಪ್ಪನ್ನ ಎಕ್ಸ್‌ರೇ ರೂಮಿಗೆ ತಳ್ಕೊಂಡು ಹೋಗ್ತಿದ್ವಿ, ಬಿಲ್ಲಿನ ಮೇಲೆ ಟೈಮ್ ಇದೆ.

ಇನ್ನೊಂದು ತೊಂದ್ರೆ, ಹಳೇ ವಕೀಲರು ಬಾಕಿ ಫೀಸು ಕೊಟ್ಟು ಫೈಲ್ ತಗೊಂಡು ಹೋಗಿ ಅಂತಿದ್ದಾರೆ. ಒರಿಜಿನಲ್ ಪತ್ರಗಳ ಜೆರಾಕ್ಸೂ ನಮ್ಮ ಹತ್ರ ಇಲ್ಲ.

ಕರಿಕೋಟು_ಹಾಸನ

ಹಾಗಾದ್ರೆ ರೂಲ್ 8ರ ವಜಾ, ರೂಲ್ 9 ಅರ್ಜಿನೇ ದಾರಿ. ಆ ಎಕ್ಸ್‌ರೇ ಬಿಲ್ ಬಂಗಾರ ಅಂತ ತಿಳ್ಕೊಳಿ, ಡಿಸ್ಚಾರ್ಜ್ ಸಮ್ಮರಿ ಜೊತೆ ಅದನ್ನೂ ಹಾಕಿ.

ಫೈಲ್ ವಿಚಾರ, ಫೀಸು ಬಾಕಿ ಇದೆ ಅಂತ ಕಕ್ಷಿದಾರರ ಫೈಲ್ ಹಿಡಿದಿಟ್ಕೊಳ್ಳೋ ಹಕ್ಕು ವಕೀಲರಿಗಿಲ್ಲ, ಸುಪ್ರೀಂ ಕೋರ್ಟ್ 2000ರಲ್ಲಿ ಆರ್.ಡಿ. ಸಕ್ಸೇನಾ ಕೇಸಲ್ಲಿ ಖಡಾಖಂಡಿತ ಹೇಳಿದೆ. ನಾನೂ ಅದೇ ವೃತ್ತಿಯವನು, ಹೇಳೋಕೆ ನನಗೆ ಬೇಜಾರಿಲ್ಲ. ಆದ್ರೂ ಈಗ ಅವರ ಜೊತೆ ಕಿತ್ತಾಡ್ತಾ ದಿನ ಕಳೀಬೇಡಿ. ಹೊಸ ವಕೀಲರಿಗೆ ವಕಾಲತ್ತು ಕೊಡಿ, ಕೋರ್ಟಿಂದ ನೇರ ನಕಲು ತೆಗೆಸಿ, ಫೈಲ್ ಆಮೇಲೆ ಬರುತ್ತೆ. ಹಳೇ ವಕೀಲರ ಹತ್ರ ಮರ್ಯಾದೆಯಾಗೇ ಮಾತಾಡಿ, ಅವತ್ತು ನಾನು ಬೇರೆ ಕೋರ್ಟಲ್ಲಿದ್ದೆ ಅಂತ ಅವರೇ ಒಂದು ಅಫಿಡವಿಟ್ ಕೊಟ್ರೆ ನಿಮ್ಮ ಅರ್ಜಿಗೆ ಆನೆ ಬಲ.

ದೇವರುಂದದ ದಾರಿ

ತಮ್ಮಾ, ನಾನು ಮೂಡಿಗೆರೆ ಕಡೆಯವನು, ವಯಸ್ಸು 61. ಕಾನೂನು ನನಗೆ ಗೊತ್ತಿಲ್ಲ, ವಕೀಲರು ಹೇಳಿದ್ದೆಲ್ಲ ಸರಿ ಇರಬಹುದು. ಆದ್ರೆ ಅಫಿಡವಿಟ್ಟಿಗೆ ಸೈನ್ ಹಾಕೋ ಮೊದ್ಲು ನನ್ನ ಕಥೆ ಓದು.

ನಂದೂ ಹೀಗೇ ಒಂದು ದಾರಿ ಕೇಸು, ಮನೆಗೆ ಹೋಗೋ ಬಂಡಿ ದಾರಿ ಮುಚ್ಚಿದ್ರು ಅಂತ ಹಾಕಿದ್ದು. ಆಗಸ್ಟ್ ತಿಂಗಳು, ನಮ್ಮ ಕಡೆ ಮಳೆ ಹೆಂಗೆ ಅಂತ ನಿಂಗೆ ಹೇಳಬೇಕಾಗಿಲ್ಲ. ವಾಯಿದೆ ಹಿಂದಿನ ರಾತ್ರಿ ಗಾಳಿಗೆ ದೊಡ್ಡ ಹಲಸಿನ ಮರ ರಸ್ತೆಗೆ ಅಡ್ಡ ಬಿದ್ದಿತ್ತು, ಕರೆಂಟ್ ಕಂಬ ಎರಡು ಮಲಗಿದ್ವು, ಹಳ್ಳ ಬೇರೆ ಕಾಲುಸಂಕದ ಮೇಲೆ ಹರೀತಿತ್ತು. ಫೋನ್ ಸಿಗ್ನಲ್ ಇಲ್ಲ. ಹೋಗೋದೆಲ್ಲಿಂದ ಬಂತು. ಅವತ್ತೇ ಕೇಸ್ ಬಿತ್ತು. ವಾರದೊಳಗೇ ಗೊತ್ತಾಯ್ತು, ತಿಂಗಳೊಳಗೇ ಅರ್ಜಿನೂ ಹಾಕಿದ್ವಿ, ಅಂದ್ರೆ ನಿನ್ನ ಹಾಗೆ ತಡ ಆಗಿರಲಿಲ್ಲ.

ಆದ್ರೆ ಮಾರಾಯ, ಅರ್ಜಿ ಟೈಪ್ ಮಾಡಿಸಿದ ಗುಮಾಸ್ತ ಅವನ ಹತ್ರ ಇದ್ದ ಹಳೇ ಅಫಿಡವಿಟ್ಟಲ್ಲೇ ಹೆಸರು ತಿದ್ದಿ ನನಗೆ ಕಾಮಾಲೆ ಆಗಿತ್ತು, ಹಾಸಿಗೆ ಹಿಡಿದಿದ್ದೆ, ಎದ್ದು ಓಡಾಡೋ ಸ್ಥಿತೀಲಿ ಇರಲಿಲ್ಲ ಅಂತ ಹಾಕಿಬಿಟ್ಟ. ನಾನು ಕೇಳಿದೆ, ಕಾಮಾಲೆ ಎಲ್ಲಿತ್ತು ನನಗೆ ಅಂತ. ಎಲ್ರೂ ಹಿಂಗೇ ಬರೆಯೋದು, ಮಳೆ ಗಿಳೆ ಅಂದ್ರೆ ಜಡ್ಜ್ ಒಪ್ಪಲ್ಲ ಅಂದ. ನಾನೂ ಓದಿದವನು ಅವನೇ ಅಂತ ಸೈನ್ ಹಾಕಿದೆ.

ಪಾಟಿ ಸವಾಲಿಗೆ ಕಟ್ಟೆ ಹತ್ತಿದೆ. ಎದುರು ವಕೀಲರು ಮೊದ್ಲು ಮೆತ್ತಗೆ ಕೇಳಿದ್ರು, ಎಷ್ಟು ದಿನ ಮಲಗಿದ್ರಿ, ಯಾರು ಔಷಧಿ ಕೊಟ್ರು, ಪಥ್ಯ ಏನು ಮಾಡಿದ್ರಿ. ಏನೋ ಒಂದು ಹೇಳ್ತಾ ಹೋದೆ. ಆಮೇಲೆ ಕೈಚೀಲದಿಂದ ನಮ್ಮೂರ ಹಾಲಿನ ಡೇರಿ ಪುಸ್ತಕ ತೆಗೆದ್ರು. ಅದೇ ದಿನ ಬೆಳಿಗ್ಗೆ ಆರೂವರೆ ಲೀಟರ್ ಹಾಲು, ಮುಂದೆ ನನ್ನದೇ ಸೈನು. ಡೇರಿ ನಮ್ಮನೆ ಹಿಂದೇನೇ ಇರೋದು, ಮಳೇಲಿ ಗೊಪ್ಪೆ ಹಾಕ್ಕೊಂಡು ಹೋಗಿ ಹಾಕಿ ಬಂದಿದ್ದೆ. ಎದುರು ಪಾರ್ಟಿನೂ ಅದೇ ಡೇರಿಗೆ ಹಾಲು ಹಾಕೋನು. ಇದು ನಿಮ್ಮ ಸೈನೇನ್ರೀ ಅಂದ್ರು. ಹೌದು ಅಂದೆ. ಜಡ್ಜ್ ತಲೆ ಎತ್ತಿ ನನ್ನ ಮುಖ ನೋಡಿದ್ರು, ಆ ನೋಟ ಇವತ್ತಿಗೂ ಮರೆತಿಲ್ಲ ನಾನು. ಅರ್ಜಿ ತಿರಸ್ಕಾರ.

ಮರ ಬಿದ್ದಿದ್ದು ನಿಜ, ಲೈನ್‌ಮನ್ ಸಾಕ್ಷಿ ಇದ್ದ, ಬಸ್ ಬಂದಿಲ್ಲ ಅಂತ ಇಡೀ ಊರು ಹೇಳ್ತಿತ್ತು, ಅದನ್ನೇ ಬರೆದಿದ್ರೆ ಮುಗಿದೇ ಹೋಗ್ತಿತ್ತು. ಚಿಕ್ಕಮಗಳೂರಿಗೆ ಅಪೀಲ್ ಹೋಗಿ, ಅಲ್ಲಿ ಇದ್ದಿದ್ದು ಇದ್ದಂಗೆ ಒಪ್ಪಿಕೊಂಡು, ಬೈಸಿಕೊಂಡು, 2000 ರೂಪಾಯಿ ಕಾಸ್ಟ್ ಎದುರು ಪಾರ್ಟಿಗೆ ಕಟ್ಟಿ ಕೇಸ್ ವಾಪಸ್ ತರೋ ಹೊತ್ತಿಗೆ 14 ತಿಂಗಳು. ಅಷ್ಟೂ ದಿನ ಗೊಬ್ಬರದ ಮೂಟೆ ಹೆಗಲ ಮೇಲೆ ಹೊತ್ತು ಅಡ್ಡದಾರೀಲಿ ತಂದಿದ್ದೀನಿ. ನಿಮ್ಮಪ್ಪನದು ಕೈ ಮುರಿದಿರೋ ಸತ್ಯ ಕಣಪ್ಪ, ಅದಕ್ಕೆ ಒಂದು ಅಕ್ಷರ ಸೇರಿಸಬೇಡ, ಒಂದು ಅಕ್ಷರ ಬಿಡಬೇಡ. 11 ದಿನ ಅಂದ್ರೆ 11 ದಿನ. ಇಂಗ್ಲಿಷಲ್ಲಿ ಟೈಪ್ ಮಾಡಿದ್ರೆ ಪ್ರತಿ ಸಾಲೂ ಕನ್ನಡದಲ್ಲಿ ಓದಿಸಿ ಹೇಳಿದ ಮೇಲೇ ಸೈನ್ ಹಾಕ್ಸು.

ಕರಿಕೋಟು_ಹಾಸನ

ಅಣ್ಣ ಬರೆದಿದ್ದನ್ನ ನಮ್ಮ ಬಾರ್ ರೂಮಲ್ಲಿ ಅಂಟಿಸಬೇಕು. ಕಾಮಾಲೆ, ವೈರಲ್ ಜ್ವರ, ಬೆನ್ನುನೋವು ಅಂತ ಅದೇ ಅಫಿಡವಿಟ್ಟುಗಳನ್ನ ಓದಿ ಓದಿ ಜಡ್ಜ್‌ಗಳಿಗೂ ಸಾಕಾಗಿದೆ. ಮಳೆ ಕಾರಣ ಒಪ್ಪಲ್ಲ ಅನ್ನೋದು ಶುದ್ಧ ಸುಳ್ಳು. 2024ರ ಜುಲೈಲಿ ದೊಡ್ಡತಪ್ಪಲು ಹತ್ರ ಗುಡ್ಡ ಕುಸಿದು ಶಿರಾಡಿ ಕಡೆ ಹೈವೇ ಬಂದ್ ಆಯ್ತಲ್ಲ, ಅಂಥ ದಿನ ವಾಯಿದೆ ತಪ್ಪಿದವರು ಪೇಪರ್ ಕಟಿಂಗ್ ಹಾಕಿ ನೇರವಾಗಿ ಹೇಳಿದ್ರೆ ಸಾಕು.

ತೋಟದಮನೆ ಅವರೇ, ನಿಮ್ಮ ಅಫಿಡವಿಟ್ಟಲ್ಲಿ ಎರಡು ಭಾಗ ಬೇರೆ ಬೇರೆ ಇರಲಿ. ಮಾರ್ಚ್ 3ಕ್ಕೆ ಯಾಕೆ ಬರಲಿಲ್ಲ ಅನ್ನೋದು ಒಂದು. ಏಪ್ರಿಲ್ 2ರೊಳಗೆ ಅರ್ಜಿ ಯಾಕೆ ಹಾಕಲಿಲ್ಲ ಅನ್ನೋದು ಇನ್ನೊಂದು, ಇದಕ್ಕೆ ಆಸ್ಪತ್ರೆಯ 11 ದಿನ ಸಾಲಲ್ಲ, ಆಮೇಲಿನ ಬೆಡ್‌ರೆಸ್ಟ್ ಬಗ್ಗೆ ಡಾಕ್ಟರ್ ಚೀಟಿ ಬೇಕು, ವಕೀಲರು ಟೈಮ್ ತಗೋತೀನಿ ಅಂದಿದ್ದನ್ನ ನಂಬಿದ್ವಿ ಅನ್ನೋದು ಬೇಕು, ಮಾರ್ಚ್ 2ರ ಕಾಲ್ ಲಿಸ್ಟ್ ನಿಮ್ಮ ಫೋನಲ್ಲಿದ್ರೆ ಸ್ಕ್ರೀನ್‌ಶಾಟ್ ಈಗಲೇ ತೆಗೆದಿಡಿ. ಫೋನ್ ಮಾಡಿದ್ದು ನೀವಾದ್ದರಿಂದ ನಿಮ್ಮದೂ ಒಂದು ಅಫಿಡವಿಟ್ ಇರಲಿ.

ಕಲ್ಲುಕಂಬದ ವಿಚಾರ ಬಿಟ್ಟೋಗಿತ್ತು. ದಾವೆ ಬಿದ್ದಾಗ ಸ್ಟೇನೂ ಅದರ ಜೊತೆ ಹೋಗುತ್ತೆ, ಅವರು ಹೇಳಿದ್ದು ಸರಿ. ದಾವೆ ವಾಪಸ್ ಬಂದ್ರೆ ಸಾಮಾನ್ಯವಾಗಿ ಹಳೇ ಸ್ಟೇಗೂ ಜೀವ ಬರುತ್ತೆ ಅಂತ 2004ರ ವರೀದ್ ಜೇಕಬ್ ತೀರ್ಪಿದೆ. ಅಲ್ಲೀವರೆಗೆ ಯಥಾಸ್ಥಿತಿ ಕಾಪಾಡಿ ಅಂತ ಸಿವಿಲ್ ಪ್ರೊಸೀಜರ್ ಕೋಡ್ ಸೆಕ್ಷನ್ 151ರಲ್ಲಿ ಇನ್ನೊಂದು ಐಎ ಹಾಕಿ ಕೇಳಿ, ಕೊಡೋದು ಬಿಡೋದು ಜಡ್ಜ್ ವಿವೇಚನೆ. ಬೇಲಿ ಹಾಕ್ತಾ ಇರೋದರ ಫೋಟೋ ತಾರೀಖು ಸಮೇತ ತೆಗೀರಿ, ಜಗಳಕ್ಕೆ ಮಾತ್ರ ಹೋಗಬೇಡಿ, ಕಂಬ ಕೀಳೋಕೆ ಹೋಗಿ ಸ್ಟೇಷನ್ ಮೆಟ್ಟಿಲು ಹತ್ತಬೇಡಿ.

ಕಡೂರು_ಅಕ್ಕ

ಈ ಥ್ರೆಡ್ ಓದ್ತಾ ನನ್ನ ಕಣ್ಣಲ್ಲಿ ನೀರು ಬಂತು, ಯಾಕಂದ್ರೆ ನಂದು ವಾಪಸ್ ಬರೋ ಕೇಸಾಗಿರಲಿಲ್ಲ. ಕೊಬ್ಬರಿ ಮಾರಿದ ದುಡ್ಡು ಸಾಲ ಕೊಟ್ಟು ಚೆಕ್ ಬೌನ್ಸ್ ಆಗಿ ಕೇಸ್ ಹಾಕಿದ್ದೆ. ಪ್ರತಿ ಸಲ ನೀವು ಬರಬೇಕಾಗಿಲ್ಲ ಅಂತ ವಕೀಲರು ಅಂದ್ರು, ನಂಬಿ ಮನೇಲಿದ್ದೆ. ಮೂರು ವಾಯಿದೆ ನಾನೂ ಇಲ್ಲ ವಕೀಲರೂ ಇಲ್ಲ, ಕೇಸ್ ವಜಾ, ಸಾಲ ತಗೊಂಡವನು ಖುಲಾಸೆ. ಕ್ರಿಮಿನಲ್ ಕಡೆ ಫಿರ್ಯಾದಿ ಬರದಿದ್ರೆ ಅದು ಖುಲಾಸೆ ಅಂತಾನೇ ಲೆಕ್ಕವಂತೆ, ಅದೇ ಮ್ಯಾಜಿಸ್ಟ್ರೇಟ್‌ಗೆ ವಾಪಸ್ ತೆಗೆಯೋ ಅಧಿಕಾರನೇ ಇಲ್ಲ, ಮೇಲಿನ ಕೋರ್ಟಿಗೇ ಹೋಗಬೇಕು. ನನ್ನ ಕೈಲಿ ಆ ಖರ್ಚು ಆಗಲಿಲ್ಲ, ಬಿಟ್ಟುಬಿಟ್ಟೆ. 2024ರ ಜುಲೈ 1ರಿಂದ ಬಂದ ಹೊಸ ಕಾನೂನಲ್ಲಿ, ನಾಗರಿಕ ಸುರಕ್ಷಾ ಸಂಹಿತೆ 279ರಲ್ಲಿ, ಹಾಗೆ ಖುಲಾಸೆ ಮಾಡೋ ಮೊದ್ಲು ಫಿರ್ಯಾದಿಗೆ ಬರೋಕೆ 30 ದಿನ ಟೈಮ್ ಕೊಡಬೇಕು ಅಂತ ಸೇರಿಸಿದ್ದಾರೆ, ನನ್ನ ಕಾಲಕ್ಕೆ ಅದಿರಲಿಲ್ಲ.

ಇದನ್ನ ಓದೋ ಹೆಣ್ಮಕ್ಕಳಿಗೆ ಒಂದು ಮಾತು, ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಸರ್ಕಾರದ ಉಚಿತ ವಕೀಲರು ಸಿಗ್ತಾರೆ, ತಾಲ್ಲೂಕು ಕೋರ್ಟಲ್ಲೇ ಕಾನೂನು ಸೇವಾ ಸಮಿತಿ ಇರುತ್ತೆ, ಫೋನ್ ಆದ್ರೆ 15100. ನನಗೆ ಇದು ಗೊತ್ತಾಗಿದ್ದು ಎಲ್ಲಾ ಮುಗಿದ ಮೇಲೆ. ಮತ್ತೆ ಇಕೋರ್ಟ್ಸ್ ಆಪ್ ಹಾಕ್ಕೊಳಿ, ಕೇಸಿನ 16 ಅಕ್ಷರದ ಸಿಎನ್ಆರ್ ನಂಬರ್ ಹಾಕಿದ್ರೆ ಅವತ್ತು ಏನಾಯ್ತು ಮುಂದಿನ ಡೇಟ್ ಯಾವಾಗ ಎಲ್ಲಾ ಬರುತ್ತೆ. ಈಗ ನನ್ನ ತಂಗಿ ಕೇಸನ್ನ ಪ್ರತಿ ವಾಯಿದೆ ಸಂಜೆ ನಾನೇ ನೋಡ್ತೀನಿ.

ತೋಟದಮನೆ

ಅಕ್ಕ, ಅಣ್ಣ, ಸರ್, ಎಲ್ರಿಗೂ ಅಪ್ಡೇಟ್. ಅರ್ಜಿ ಒಳಗೆ ಹೋಯ್ತು, ರಜೆಗೆ ಎರಡು ದಿನ ಮುಂಚೆ. ಹೊಸ ವಕೀಲರು ಸಿಕ್ಕಿದ್ರು. ಹಳೇ ವಕೀಲರ ಮನೆಗೆ ನಾನೇ ಹೋಗಿ ಕೂತು ಮಾತಾಡಿದೆ, ಮೊದ್ಲು ಮುಖ ಗಂಟು ಹಾಕ್ಕೊಂಡಿದ್ರು, ಅಪ್ಪನ ಕೈ ಫೋಟೋ ನೋಡಿದ ಮೇಲೆ ಫೈಲ್ ಕೊಟ್ರು, ಅಫಿಡವಿಟ್ಟೂ ಕೊಡ್ತೀನಿ ಅಂದಿದ್ದಾರೆ.

ಅಪ್ಪನಿಗೆ ಹೇಳಲೇಬೇಕಾಯ್ತು, ಅಫಿಡವಿಟ್ ಅವರದ್ದಲ್ವಾ. ಸ್ವಲ್ಪ ಹೊತ್ತು ಗೋಡೆ ಕಡೆ ತಿರುಗಿ ಕೂತಿದ್ರು, ಆಮೇಲೆ ಓದು ಅಂದ್ರು. ಪೂರ್ತಿ ಕನ್ನಡದಲ್ಲಿ ಓದಿ ಹೇಳಿದೆ. ಫೆಬ್ರವರಿ 25 ಅಂತ ಟೈಪ್ ಆಗಿತ್ತು, 24 ಕಣೋ, ಸೋಮವಾರ, ಆಳುಗಳಿಗೆ ಬಟವಾಡೆ ಕೊಟ್ಟ ಮಾರನೇ ದಿನ ಅಂತ ತಿದ್ದಿಸಿದ್ರು. ಬಲಗೈಗೆ ಇನ್ನೂ ಪಟ್ಟಿ ಇದೆ, ಎಡಗೈ ಹೆಬ್ಬೆಟ್ಟು ಒತ್ತಿದ್ರು. ಜೀವಮಾನದಲ್ಲಿ ಹೆಬ್ಬೆಟ್ಟು ಒತ್ತಿದವರಲ್ಲ ಅವರು, ಇಂಕ್ ಒರೆಸ್ಕೊಳ್ತಾ ಇದು ನಡೆಯುತ್ತೇನೋ ಅಂತ ಎರಡು ಸಲ ಕೇಳಿದ್ರು. ಎದುರು ಪಾರ್ಟಿಗೆ ನೋಟಿಸ್ ಆರ್ಡರ್ ಆಗಿದೆ, ಜೂನ್‌ಗೆ ಡೇಟ್. ಕೇಸ್ ವಾಪಸ್ ಬಂದ್ರೂ ಅಪ್ಪ ಬಸ್ಸಲ್ಲಿ ಹೋಗಿ ಕಟ್ಟೆ ಹತ್ತೋದು ಕಷ್ಟ ಇದೆ, ಅವರ ಬದ್ಲು ನಾನು ಸಾಕ್ಷಿ ಹೇಳಬಹುದಾ ಸರ್?

ಕರಿಕೋಟು_ಹಾಸನ

ಒಳ್ಳೇ ಸುದ್ದಿ. ಹೆಬ್ಬೆಟ್ಟು ನಡೆಯುತ್ತೆ, ಓದಿ ಹೇಳಿ ಅರ್ಥ ಮಾಡಿಸಿ ಒತ್ತಿಸಿದ್ದು ಅಂತ ಕೆಳಗೆ ಬರೆದಿದ್ರೆ ಸಾಕು. ಸಾಕ್ಷಿ ವಿಚಾರದಲ್ಲಿ, ನೀವು ಅಪ್ಪನಿಂದ ಜಿಪಿಎ (ಜನರಲ್ ಪವರ್ ಆಫ್ ಅಟಾರ್ನಿ, ಅಧಿಕಾರ ಪತ್ರ) ತಗೊಂಡು ಕೇಸ್ ನಡೆಸಬಹುದು, ಆದ್ರೆ ಅಪ್ಪನಿಗೆ ಮಾತ್ರ ಖುದ್ದು ಗೊತ್ತಿರೋ ಸಂಗತಿಗೆ ಅವರ ಬದಲು ನೀವು ಹೇಳೋ ಹಾಗಿಲ್ಲ. ಅದಕ್ಕೆ ಆರ್ಡರ್ 26ರಲ್ಲಿ ಕಮಿಷನರ್ ನೇಮಿಸಿ ಅಂತ ಅರ್ಜಿ ಹಾಕಿ, ಕಾಯಿಲೆ ಇರೋರ ಹೇಳಿಕೆನ ಕಮಿಷನರ್ ಮನೆಗೇ ಬಂದು ತಗೋಬಹುದು, ಎದುರು ವಕೀಲರು ನಿಮ್ಮ ಜಗುಲೀಲೇ ಪಾಟಿ ಸವಾಲು ಮಾಡ್ತಾರೆ.

ಮತ್ತೆ ಆ ನೋಟಿಸಿಗೆ ಪ್ರೊಸೆಸ್ ಫೀ ಕಟ್ಟಿದ್ದಾರಾ ಅಂತ ನಾಳೆನೇ ಫೋನ್ ಮಾಡಿ ಕೇಳಿ. ಅದು ಕಟ್ಟದೆ ಮಿಸ್ ಕೇಸೇ ವಜಾ ಆಗಿದ್ದನ್ನ ನಾನು ನೋಡಿದ್ದೀನಿ.

ತೋಟದಮನೆ

ಕೇಳಿದೆ ಸರ್, ಕಟ್ಟಿರಲಿಲ್ಲ. ಗುಮಾಸ್ತರ ಜೊತೆ ನಾನೇ ನಿಂತು ಕಟ್ಟಿಸಿದೆ, ರಸೀದಿ ಫೋಟೋ ಅಪ್ಪನಿಗೆ ಕಳಿಸಿದ್ದೀನಿ.